ಕಿಸೆ ಖಾಲಿಯಾದವನನ್ನು ನೋಡಿ ಮಕ್ಕಳು ನಗಬಹುದಾ?

ಪ್ರಶ್ನೆ: ನಾನು ಚಿತ್ರದುರ್ಗ ಜಿಲ್ಲೆಯ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನದ ಶಿಕ್ಷಕಿ. ನಮ್ಮ ಶಾಲೆಗೆ ಪ್ರೊಜೆಕ್ಟರ್ ಬಂದಿದೆ. ಶನಿವಾರ ಎಂಟು, ಒಂಬತ್ತನೇ ತರಗತಿಯವರಿಗೆ ಹಳೆಯ ಮೂಕಿ ಹಾಸ್ಯಚಿತ್ರ ತೋರಿಸೋಣ ಅಂತ ಇದ್ದೇನೆ. ಮಾತಿಲ್ಲವಲ್ಲ, ಭಾಷೆ ಅಡ್ಡ ಬರುವುದಿಲ್ಲ ಅಂತ ನನ್ನ ಲೆಕ್ಕ. ಆದರೆ ಆರಿಸಲು ಕೂತಾಗ ನೋಡಿದ ಚಿತ್ರದಲ್ಲೆಲ್ಲ ದುಡ್ಡಿನ ತಾಪತ್ರಯವೇ ಕಾಣಿಸಿತು. ಒಬ್ಬ ಹೋಟೆಲ್ ಬಿಲ್ಲು ಕಟ್ಟಲಾಗದೆ ಒದ್ದಾಡುತ್ತಾನೆ. ಇನ್ನೊಬ್ಬ ಬಾಡಿಗೆ ಕೇಳಲು ಬಂದವಳಿಂದ ಅಡಗಿಕೊಳ್ಳುತ್ತಾನೆ. ನಮ್ಮ ಮಕ್ಕಳಲ್ಲಿ ಅನೇಕರ ಮನೆಯಲ್ಲಿ ಸಂಘದ ಸಾಲ, ಮೈಕ್ರೋಫೈನಾನ್ಸ್ ಕಂತು ಇದೆ. ಕಂತಿನವರು ಬಂದಾಗ ‘ಅಮ್ಮ ಮನೇಲಿಲ್ಲ’ ಅಂತ ಬಾಗಿಲಲ್ಲಿ ನಿಂತು ಹೇಳುವ ಮಕ್ಕಳು ನನ್ನ ತರಗತಿಯಲ್ಲೇ ಇದ್ದಾರೆ. ನಮ್ಮ ಮೇಷ್ಟ್ರೊಬ್ಬರು, ‘ಇವೆಲ್ಲ ಬಡವರನ್ನು ಅಣಕಿಸುವ ಸಿನಿಮಾ. ಅಮೆರಿಕದಲ್ಲಿ ಆರ್ಥಿಕ ಕುಸಿತ ಬಂದಾಗ ಜನ ಕಷ್ಟ ಮರೆಯಲಿ ಅಂತ ಮಾಡಿದ್ದು. ಮಾಡಿದವರು ಕೋಟ್ಯಧಿಪತಿಗಳು’ ಅಂದರು. ಇದು ನಿಜವೇ ಸರ್? ತೋರಿಸಬಹುದೇ? ತೋರಿಸಿದರೆ ಯಾವುದನ್ನು? ಕಾಪಿರೈಟ್ ತೊಂದರೆ ಏನಾದರೂ ಇದೆಯೇ? (ಹೆಸರು ಬೇಡ.)

ಉತ್ತರ: ಮೇಡಂ, ಪ್ರಶ್ನೆ ಹಲವು ಕೇಳಿದ್ದೀರಿ. ಆದರೆ ನಿಮ್ಮನ್ನು ಕಾಡುತ್ತಿರುವುದು ಒಂದೇ ಅಂತ ನನಗನ್ನಿಸಿತು. ತೆರೆಯ ಮೇಲೆ ಒಬ್ಬ ಬಾಡಿಗೆ ತಪ್ಪಿಸಲು ಅಡಗಿಕೊಳ್ಳುತ್ತಾನೆ, ಇಡೀ ತರಗತಿ ಗೊಳ್ಳನೆ ನಗುತ್ತದೆ. ನಿನ್ನೆ ಸಂಜೆ ಬಾಗಿಲಲ್ಲಿ ನಿಂತು ಸುಳ್ಳು ಹೇಳಿದ ಹುಡುಗಿಗೆ ಆ ನಗು ತನ್ನ ಮೇಲೇ ಬಿದ್ದಂತೆ ಅನ್ನಿಸಿದರೆ? ನಿಮ್ಮ ಅಳುಕು ಸರಿಯಾದದ್ದೇ. ‘ಕಾಮಿಡಿ ಅಲ್ವಾ, ಬಿಡಿ’ ಅಂತ ಪಕ್ಕಕ್ಕೆ ತಳ್ಳುವಂಥದ್ದಲ್ಲ.

ಫಿಲ್ಮ್ ಸೊಸೈಟಿಗಳಲ್ಲಿ, ಶಾಲೆಗಳಲ್ಲಿ ಈ ಚಿತ್ರಗಳನ್ನು ಬಹಳ ಕಾಲದಿಂದ ತೋರಿಸುತ್ತಾ ಬಂದವನು ನಾನು. ನನ್ನ ಉತ್ತರ ಮೊದಲೇ ಹೇಳಿಬಿಡುತ್ತೇನೆ: ತೋರಿಸಿ. ಆದರೆ ಕೈಗೆ ಸಿಕ್ಕಿದ್ದನ್ನೆಲ್ಲ ಅಲ್ಲ. ಯಾವುದು ಮೊದಲು, ಯಾವುದು ಆಮೇಲೆ ಅನ್ನುವುದೂ ಮುಖ್ಯ. ಅದಕ್ಕೆ ಮುಂಚೆ ನಿಮ್ಮ ಮೇಷ್ಟ್ರ ಮಾತುಗಳನ್ನು ನೋಡೋಣ. ಅವರು ಹೇಳಿದ್ದರಲ್ಲಿ ಒಂದು ತಪ್ಪು, ಒಂದು ಅರ್ಧ ಸರಿ, ಇನ್ನೊಂದು ಚಿತ್ರದಿಂದ ಚಿತ್ರಕ್ಕೆ ಬೇರೆ ಬೇರೆ.

ಆರ್ಥಿಕ ಕುಸಿತದ ಮಾತು ತಪ್ಪು. ಅಮೆರಿಕದ ಶೇರುಪೇಟೆ ಮುಗ್ಗರಿಸಿದ್ದು 1929ರ ಅಕ್ಟೋಬರ್‌ನಲ್ಲಿ. ಈ ಚಿತ್ರಗಳಲ್ಲಿ ಹೆಚ್ಚಿನವು ಅದಕ್ಕಿಂತ ಎಷ್ಟೋ ಮೊದಲಿನವು. ಮ್ಯಾಕ್ ಸೆನೆಟ್ ಅವರ ಕೀಸ್ಟೋನ್ ಕಂಪನಿ 1912ರ ಸೆಪ್ಟೆಂಬರ್‌ನಲ್ಲಿ ಬಿಡುಗಡೆ ಮಾಡಿದ ಮೊಟ್ಟಮೊದಲ ಚಿತ್ರಗಳಲ್ಲಿ ಒಂದರ ಹೆಸರು ‘ಕೋಹೆನ್ ಕಲೆಕ್ಟ್ಸ್ ಎ ಡೆಟ್’. ಕೋಹೆನ್‌ನ ಸಾಲ ವಸೂಲಿ ಅಂತ. ಅಮೆರಿಕದ ಗದ್ದಲದ ಹಾಸ್ಯಕ್ಕೆ ತವರುಮನೆ ಅನ್ನಿಸಿಕೊಂಡ ಕಂಪನಿಯ ಖಾತೆ ಶುರುವಾದದ್ದೇ ಸಾಲದಿಂದ! ಚಾರ್ಲಿ ಚಾಪ್ಲಿನ್ ಮೊದಲ ಸಲ ತೆರೆಯ ಮೇಲೆ ಬಂದದ್ದು 1914ರ ಫೆಬ್ರವರಿಯಲ್ಲಿ, ಅದೇ ಕಂಪನಿಯ ‘ಮೇಕಿಂಗ್ ಎ ಲಿವಿಂಗ್’ ಚಿತ್ರದಲ್ಲಿ. ಅದರ ಶುರುವಿನಲ್ಲೇ ಚಾಪ್ಲಿನ್ ದಾರಿಯಲ್ಲಿ ಸಿಕ್ಕವನ ಹತ್ತಿರ ದುಡ್ಡು ಕೇಳುತ್ತಾನೆ. ತಲೆಗೆ ಟಾಪ್ ಹ್ಯಾಟ್, ಕಣ್ಣಿಗೆ ಒಂಟಿ ಗಾಜಿನ ಕನ್ನಡಕ, ಕಿಸೆಯಲ್ಲಿ ಮಾತ್ರ ಏನೂ ಇಲ್ಲ. ನಮಗೆಲ್ಲ ಗೊತ್ತಿರುವ ದೊಗಲೆ ಪ್ಯಾಂಟಿನ ಅಲೆಮಾರಿಯನ್ನು ಜನ ಇನ್ನೂ ನೋಡಿಯೇ ಇರಲಿಲ್ಲ. ಅವನಿಗಿಂತ ಮೊದಲು ಕೈಸಾಲ ಬಂತು.

ಹಾಗಾದರೆ ಇವು ಕುಸಿತದ ಕಾಲದ ಚಿತ್ರಗಳಲ್ಲ, ಅಮೆರಿಕ ಮೇಲೆ ಬರುತ್ತಿದ್ದ ಕಾಲದ ಚಿತ್ರಗಳು. ನಿಮ್ಮದು ಸಮಾಜ ವಿಜ್ಞಾನ, ಹಾಗಾಗಿ ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ಚಾಪ್ಲಿನ್ ಕೀಸ್ಟೋನ್‌ನಲ್ಲಿ ಕೆಲಸ ಶುರು ಮಾಡಿದ ಹೊತ್ತಿಗೇ, 1914ರ ಜನವರಿಯಲ್ಲಿ, ಹೆನ್ರಿ ಫೋರ್ಡ್ ತನ್ನ ಕಾರ್ಖಾನೆಯಲ್ಲಿ ದಿನಕ್ಕೆ 5 ಡಾಲರ್ ಕೂಲಿ ಅಂತ ಘೋಷಿಸಿದ. ದೇಶವೇ ಬೆರಗಾಯಿತು. ಅಂದರೆ ಉಳಿದ ಕಡೆ ಅಷ್ಟು ಸಿಗುತ್ತಿರಲಿಲ್ಲ. ಕೆಲಸ ಹೋದವರಿಗೆ ಭತ್ಯೆ ಕೊಡುವ ವ್ಯವಸ್ಥೆ ದೇಶದ ಮಟ್ಟದಲ್ಲಿ ಬಂದದ್ದು 1935ರ ಕಾಯ್ದೆಯಿಂದ. ಅಲ್ಲಿಯವರೆಗೆ ಈ ವಾರದ ಸಂಬಳ ನಿಂತರೆ ಮುಂದಿನ ವಾರದ ಬಾಡಿಗೆಯೂ ನಿಂತಿತು ಅಂತಲೇ ಅರ್ಥ. ಸಣ್ಣ ಸಾಲಗಾರರಿಗೆ ಮೀಟರ್ ಬಡ್ಡಿಯವರ ಕಾಟ ಬೇರೆ. ಅದನ್ನು ತಡೆಯಲು 1916ರಲ್ಲಿ ರಸೆಲ್ ಸೇಜ್ ಫೌಂಡೇಶನ್ ಅನ್ನುವ ಸಂಸ್ಥೆ ಮುಂದೆ ನಿಂತು ಒಂದು ಮಾದರಿ ಕಾಯ್ದೆ ರೂಪಿಸಿತು. 300 ಡಾಲರ್‌ವರೆಗಿನ ಸಾಲಕ್ಕೆ ಅದು ಇಟ್ಟ ಮಿತಿ ತಿಂಗಳಿಗೆ ನೂರಕ್ಕೆ ಮೂರೂವರೆ. ವರ್ಷಕ್ಕೆ ಹಾಕಿ ನೋಡಿ, 42 ಆಗುತ್ತದೆ. ಸುಧಾರಣೆ ಅಂತ ತಂದದ್ದೇ ಇಷ್ಟಾದರೆ ಅದಕ್ಕೆ ಮುಂಚಿನದ್ದನ್ನು ನೀವೇ ಊಹಿಸಿ.

ಇನ್ನೊಂದು ವಿಷಯ. ಈ ಚಿತ್ರಗಳಲ್ಲಿ ಪೊಲೀಸಪ್ಪ ಯಾಕೆ ಸುಮ್ ಸುಮ್ನೆ ಅಟ್ಟಿಸಿಕೊಂಡು ಬರುತ್ತಾನೆ ಅಂತ ಮಕ್ಕಳು ಕೇಳಿಯೇ ಕೇಳುತ್ತಾರೆ. ಸುಮ್ನೆ ಅಲ್ಲ. ಅಮೆರಿಕದ ಎಷ್ಟೋ ರಾಜ್ಯಗಳಲ್ಲಿ ಆಗ ಅಲೆಮಾರಿತನವೇ ಅಪರಾಧ. ಕೈಯಲ್ಲಿ ಕೆಲಸವಿಲ್ಲ, ಕಿಸೆಯಲ್ಲಿ ಕಾಸಿಲ್ಲ, ಬೀದಿಯಲ್ಲಿ ನಿಂತಿದ್ದೀಯ ಅಂದರೆ ಹಿಡಿದು ಒಳಗೆ ಹಾಕಬಹುದಿತ್ತು. ಬೆಂಚಿನ ಮೇಲೆ ಮಲಗಿದ್ದ ಚಾರ್ಲಿ ಪೊಲೀಸನ ಟೋಪಿ ಕಂಡೊಡನೆ ಎದ್ದು ಟೈ ಸರಿಮಾಡಿಕೊಂಡು, ಕೋಲು ತಿರುಗಿಸುತ್ತಾ ಎಲ್ಲೋ ಅರ್ಜೆಂಟ್ ಕೆಲಸ ಇದ್ದವನ ಹಾಗೆ ನಡೆಯುವುದು ಈ ಕಾರಣಕ್ಕೆ. ಇದನ್ನು ಹೇಳಿ ತೋರಿಸಿದರೆ ಮಕ್ಕಳು ಆ ನಡಿಗೆಯನ್ನೇ ಬೇರೆ ಥರ ನೋಡುತ್ತಾರೆ.

ಕೋಟ್ಯಧಿಪತಿಗಳ ಮಾತು ಅರ್ಧ ಸರಿ. ಚಾಪ್ಲಿನ್‌ಗೆ ಕೀಸ್ಟೋನ್‌ನಲ್ಲಿ ವಾರಕ್ಕೆ 150 ಡಾಲರ್. ಮಾರನೇ ವರ್ಷ ಎಸನೇ ಕಂಪನಿಯಲ್ಲಿ 1,250. 1916ರಲ್ಲಿ ಮ್ಯೂಚುವಲ್ ಕಂಪನಿ ವಾರಕ್ಕೆ 10,000 ಡಾಲರ್, ಮೇಲೆ ಒಂದೂವರೆ ಲಕ್ಷ ಡಾಲರ್ ಬೋನಸ್ ಕೊಟ್ಟು ಕರೆದುಕೊಂಡಿತು. ಆಗ ವಯಸ್ಸು ಇನ್ನೂ 26. ಹೋಟೆಲ್ ಬಿಲ್ಲಿಗೆ ದುಡ್ಡಿಲ್ಲದ ಬಡಪಾಯಿಯಾಗಿ ನಟಿಸಿದ್ದು ಇದೇ ಸಂಬಳದಲ್ಲಿ. ಮೇಷ್ಟ್ರು ಕೆಣಕಲು ಜಾಗ ಇದೆ, ಒಪ್ಪುತ್ತೇನೆ. ಆದರೆ ಇದೇ ಮನುಷ್ಯ 1896ರಲ್ಲಿ, ಏಳು ವರ್ಷದ ಹುಡುಗನಾಗಿ, ತಾಯಿ ಮತ್ತು ಅಣ್ಣನ ಜೊತೆ ಲಂಡನ್ನಿನ ಲ್ಯಾಂಬೆತ್ ವರ್ಕ್‌ಹೌಸ್ ಸೇರಿದವನು. ವರ್ಕ್‌ಹೌಸ್ ಅಂದರೆ ದಿಕ್ಕಿಲ್ಲದವರನ್ನು ಕೂಡಿಹಾಕಿ, ದುಡಿಸಿಕೊಂಡು, ಗಂಜಿ ಹಾಕುತ್ತಿದ್ದ ಸರ್ಕಾರಿ ಜಾಗ. ಅಲ್ಲಿ ತಾಯಿಯನ್ನೂ ಮಕ್ಕಳನ್ನೂ ಬೇರೆ ಬೇರೆ ಇಡುತ್ತಿದ್ದರು.

ಹಾಗಂತ ‘ಬಾಲ್ಯದ ಬಡತನವೇ ಈ ಹಾಸ್ಯಕ್ಕೆ ಕಾರಣ’ ಅನ್ನುವ ಮಾತನ್ನೂ ನಾನು ಪೂರ್ತಿ ನಂಬುವುದಿಲ್ಲ. ಲೇಖನಗಳಲ್ಲಿ ಅದು ಬಹಳ ಸಲೀಸಾಗಿ ಬಂದುಬಿಡುತ್ತದೆ. ಚಾಪ್ಲಿನ್ ಕಾಲದ ಇನ್ನೊಬ್ಬ ಮೂಕಿ ಹಾಸ್ಯನಟ ಬಸ್ಟರ್ ಕೀಟನ್ ಮಗುವಾಗಿದ್ದಾಗಲೇ ಅಪ್ಪ ಅಮ್ಮನ ಜೊತೆ ನಾಟಕದ ರಂಗದ ಮೇಲೆ ಬಿದ್ದು ಎದ್ದು ದುಡಿದವನು, ವರ್ಕ್‌ಹೌಸ್ ಕಂಡವನಲ್ಲ. ಅವನ ಚಿತ್ರಗಳಲ್ಲೂ ದುಡ್ಡಿನ ತಾಪತ್ರಯ ಇದೆ. ದೊಡ್ಡ ಕಾರಣ ಪ್ರೇಕ್ಷಕರಲ್ಲಿತ್ತು. 1905ರಲ್ಲಿ ಪಿಟ್ಸ್‌ಬರ್ಗ್‌ನಲ್ಲಿ ಶುರುವಾದ ಐದು ಸೆಂಟಿನ ಸಿನಿಮಾ ಮನೆಗಳು ಕೆಲವೇ ವರ್ಷಗಳಲ್ಲಿ ಊರೂರಿಗೆ ಹರಡಿದವು. ಅಲ್ಲಿ ತುಂಬಿರುತ್ತಿದ್ದವರು ಕಾರ್ಖಾನೆಯವರು, ಹೊಸದಾಗಿ ಹಡಗಿಳಿದು ಬಂದವರು. ಎಷ್ಟೋ ಜನಕ್ಕೆ ಇಂಗ್ಲಿಷ್ ಓದಲು ಬರುತ್ತಿರಲಿಲ್ಲ. ಪ್ರೀತಿ, ಗೌರವ, ದ್ವೇಷ ಇವನ್ನು ಮಾತಿಲ್ಲದೆ ತೋರಿಸಲು ಕಷ್ಟಪಡಬೇಕು. ಖಾಲಿ ಕಿಸೆಯನ್ನು ಹೊರಗೆಳೆದು ತೋರಿಸಿದರೆ ಮಾತೇ ಬೇಡ. ಒಂದು ರೀಲ್ ಅಂದರೆ ಸುಮಾರು ಸಾವಿರ ಅಡಿ, ಹತ್ತು ಹದಿನೈದು ನಿಮಿಷ. ಅಷ್ಟರಲ್ಲಿ ಕಥೆ ಶುರುವಾಗಿ ಮುಗಿಯಬೇಕು. ಹಸಿವು, ಬಾಡಿಗೆ, ಬಿಲ್ಲು ಇದ್ದರೆ ಕಥೆ ಮೊದಲ ನಿಮಿಷದಲ್ಲೇ ಓಡತೊಡಗುತ್ತದೆ.

ಈಗ ಅಣಕದ ವಿಷಯ. ಇಲ್ಲಿ ಎಲ್ಲ ಚಿತ್ರಗಳಿಗೂ ಸೇರಿಸಿ ಒಂದೇ ತೀರ್ಪು ಕೊಡಲು ಆಗುವುದಿಲ್ಲ. ನಾನು ಚಿತ್ರ ಆರಿಸುವಾಗ ನೋಡುವುದು ಎರಡು. ನಗು ಬರುವುದು ದುಡ್ಡಿಲ್ಲ ಅನ್ನುವುದಕ್ಕೋ, ದುಡ್ಡಿದೆ ಅಂತ ತೋರಿಸಿಕೊಳ್ಳುವ ಪಾಡಿಗೋ? ಎರಡನೆಯದು, ಚಿತ್ರಕ್ಕೆ ಲೆಕ್ಕ ಗೊತ್ತಿದೆಯೋ? ಎಷ್ಟು ಇತ್ತು, ಎಷ್ಟು ಹೋಯಿತು, ಎಷ್ಟು ಕಡಿಮೆ ಬಿತ್ತು ಅಂತ ಕಾಸು ಕಾಸಿನ ಲೆಕ್ಕ ಇಡುವ ಚಿತ್ರ ಬಡವನ ಪಕ್ಕ ಕೂತಿರುತ್ತದೆ. ಬಡತನವನ್ನು ಹರಕು ಅಂಗಿಯ ಥರ ಬರೀ ವೇಷವಾಗಿ ಬಳಸುವ ಚಿತ್ರಕ್ಕೆ ಲೆಕ್ಕ ಬೇಕಿಲ್ಲ.

1917ರ ‘ದಿ ಇಮಿಗ್ರಂಟ್’ ತೆಗೆದುಕೊಳ್ಳಿ. ನೀವು ಹೇಳಿದ ಹೋಟೆಲ್ ದೃಶ್ಯ ಇದರದ್ದೇ ಇರಬೇಕು. ಹಡಗಿನಲ್ಲಿ ಬಂದಿಳಿದ ಚಾರ್ಲಿಗೆ ಕೆಲಸವಿಲ್ಲ, ಹೊಟ್ಟೆ ಚುರುಗುಟ್ಟುತ್ತಿದೆ. ಹೋಟೆಲ್ ಮುಂದೆ ಒಂದು ನಾಣ್ಯ ಸಿಗುತ್ತದೆ. ಕಿಸೆಗೆ ಹಾಕಿಕೊಳ್ಳುತ್ತಾನೆ. ಕಿಸೆ ತೂತು, ನಾಣ್ಯ ಕೆಳಗೆ. ಇದು ನಮಗೆ ಗೊತ್ತು, ಅವನಿಗೆ ಗೊತ್ತಿಲ್ಲ. ಒಳಗೆ ಹೋಗಿ ಗತ್ತಿನಿಂದ ಕೂತು ಬೇಯಿಸಿದ ಕಾಳು ತರಿಸಿಕೊಳ್ಳುತ್ತಾನೆ. ಹಡಗಿನಲ್ಲಿ ಪರಿಚಯವಾಗಿದ್ದ ಹುಡುಗಿ ಅಲ್ಲೇ ಕಾಣುತ್ತಾಳೆ. ತಾಯಿಯನ್ನು ಕಳೆದುಕೊಂಡಿದ್ದಾಳೆ, ಹಸಿದಿದ್ದಾಳೆ. ಅವಳಿಗೂ ಊಟ ಹೇಳುತ್ತಾನೆ. ಬಿಲ್ಲು ಈಗ ಇಬ್ಬರದು.

ಅಷ್ಟರಲ್ಲಿ ಪಕ್ಕದಲ್ಲಿ ಗಲಾಟೆ. ದೈತ್ಯನಂಥ ವೇಟರ್ ತನ್ನವರ ಜೊತೆ ಸೇರಿ ಒಬ್ಬ ಗಿರಾಕಿಯನ್ನು ಹಣ್ಣುಗಾಯಿ ನೀರುಗಾಯಿ ಮಾಡಿ ಹೊರಗೆ ಎಸೆಯುತ್ತಾನೆ. ಏನು ತಪ್ಪು ಮಾಡಿದ ಅಂತ ಚಾರ್ಲಿ ಕೇಳುತ್ತಾನೆ. ಹತ್ತು ಸೆಂಟ್ ಕಡಿಮೆ ಇತ್ತು. ಚಾರ್ಲಿ ತನ್ನ ಕಿಸೆಗೆ ಕೈ ಹಾಕುತ್ತಾನೆ. ಬೆರಳು ತೂತಿನಿಂದ ಹೊರಗೆ ಬರುತ್ತದೆ.

ಇಲ್ಲಿಂದ ಮುಂದೆ ಆ ನಾಣ್ಯ ಒಂದು ಪಾತ್ರವೇ ಆಗಿಬಿಡುತ್ತದೆ. ಹೊರಗೆ ಬಿದ್ದಿದ್ದನ್ನು ಇನ್ನೊಬ್ಬ ಬಡಪಾಯಿ ಎತ್ತಿಕೊಂಡು ಬಂದು ತನ್ನ ಬಿಲ್ಲು ಕಟ್ಟುತ್ತಾನೆ. ವೇಟರನ ಕಿಸೆಯೂ ತೂತು! ನಾಣ್ಯ ನೆಲಕ್ಕೆ. ಚಾರ್ಲಿ ಅದರ ಮೇಲೆ ಕಾಲಿಡುತ್ತಾನೆ, ಬಗ್ಗಲು ನೋಡುತ್ತಾನೆ, ವೇಟರ್ ತಿರುಗಿದ ಕೂಡಲೇ ಏನೂ ಆಗದವನ ಹಾಗೆ ಕೂರುತ್ತಾನೆ. ಹೇಗೋ ಎತ್ತಿ ಕೊಟ್ಟರೆ ವೇಟರ್ ಹಲ್ಲಲ್ಲಿ ಕಚ್ಚಿ ನೋಡುತ್ತಾನೆ. ನಾಣ್ಯ ಬಾಗುತ್ತದೆ. ಖೋಟಾ. ಕೊನೆಗೆ ಒಬ್ಬ ಕಲಾವಿದ ಬಂದು, ನಿಮ್ಮ ಬಿಲ್ಲು ನಾನು ಕೊಡುತ್ತೇನೆ ಅನ್ನುತ್ತಾನೆ. ಚಾರ್ಲಿ ಮರ್ಯಾದೆಗೆ ‘ಬೇಡ ಬೇಡ, ನಾನೇ ಕೊಡುತ್ತೇನೆ’ ಅನ್ನುತ್ತಾನೆ. ನಮ್ಮ ದರ್ಶಿನಿಗಳ ಕೌಂಟರಿನಲ್ಲಿ ದಿನಾ ನಡೆಯುವ ಜಗ್ಗಾಟವೇ ಇದು. ಆದರೆ ಇಲ್ಲಿ ಎದುರಿನವನು ಒಂದು ಸಲ ಹೆಚ್ಚಿಗೆ ಕೇಳದೆ ಸುಮ್ಮನಾಗಿಬಿಡುತ್ತಾನೆ. ಆಗ ಚಾರ್ಲಿಯ ಮುಖ ನೋಡಬೇಕು. ಕಲಾವಿದ ತನ್ನ ಬಿಲ್ಲು ಕೊಟ್ಟು, ಉಳಿದ ಚಿಲ್ಲರೆಯನ್ನು ಟಿಪ್ಸ್ ಅಂತ ತಟ್ಟೆಯಲ್ಲೇ ಬಿಡುತ್ತಾನೆ. ಚಾರ್ಲಿ ಮೆಲ್ಲಗೆ ತನ್ನ ಬಿಲ್ಲನ್ನು ಆ ಚಿಲ್ಲರೆಗೆ ಸೇರಿಸಿ ವೇಟರನ ಕೈಗೆ ಕೊಡುತ್ತಾನೆ.

ಇದರಲ್ಲಿ ಯಾರನ್ನು ಅಣಕಿಸಿದರು ಹೇಳಿ. ಹಸಿದವನನ್ನಲ್ಲ. ಹತ್ತು ಸೆಂಟಿಗೆ ಮನುಷ್ಯನನ್ನು ತುಳಿಯುವ ಹೋಟೆಲ್ಲನ್ನು, ಮತ್ತು ಕಾಸಿಲ್ಲದಾಗಲೂ ‘ಬೇಡ ಬೇಡ’ ಅನ್ನಿಸುವ ನಮ್ಮ ಮರ್ಯಾದೆಯನ್ನು. ಈ ಎರಡನೆಯದು ಎಲ್ಲರ ಮನೆಯಲ್ಲೂ ಇದೆ, ಸಾಲ ಇರಲಿ ಬಿಡಲಿ.

ಈ ಚಿತ್ರದ ಹಿಂದೆ ಒಂದು ಸ್ವಾರಸ್ಯ ಇದೆ. ಚಾಪ್ಲಿನ್ ಬಿಸಾಡಿದ ತುಣುಕುಗಳು ದಶಕಗಳ ನಂತರ ಸಿಕ್ಕವು. ಕೆವಿನ್ ಬ್ರೌನ್ಲೋ ಮತ್ತು ಡೇವಿಡ್ ಗಿಲ್ 1983ರಲ್ಲಿ ಅವನ್ನು ಟೀವಿ ಸರಣಿಯಾಗಿ ತೋರಿಸಿದರು. ಅದರಿಂದ ಗೊತ್ತಾದದ್ದು: ಮೊದಲು ಚಿತ್ರೀಕರಿಸಿದ್ದು ಹೋಟೆಲ್ ದೃಶ್ಯ. ಹಡಗು, ವಲಸೆ, ಲಿಬರ್ಟಿ ಪ್ರತಿಮೆ ಎಲ್ಲ ಆಮೇಲೆ ಹೊಳೆದದ್ದು. ವೇಟರನ ಪಾತ್ರಕ್ಕೆ ಮೊದಲು ಬೇರೆ ನಟ ಇದ್ದರು. ಸಾಕಷ್ಟು ಹೆದರಿಕೆ ಹುಟ್ಟುತ್ತಿಲ್ಲ ಅನ್ನಿಸಿ ಎರಿಕ್ ಕ್ಯಾಂಪ್‌ಬೆಲ್ ಎಂಬ ಆಜಾನುಬಾಹುವನ್ನು ತಂದರು. ‘ಕ್ಯಾಮೆರಾ ಇಟ್ಟು ಸುಮ್ನೆ ಬಿದ್ದು ಎದ್ದರೆ ಆಯಿತು’ ಅನ್ನುವವರಿಗೆ ಇದನ್ನು ಹೇಳಿ. ಬಿಲ್ಲು ಕಟ್ಟಲಾಗದ ಭಯ ಸರಿಯಾಗಿ ಕೂರುವವರೆಗೆ ಅವರು ಬಿಡಲಿಲ್ಲ.

ಇನ್ನು ಬಾಡಿಗೆಯವಳಿಂದ ಅಡಗುವ ದೃಶ್ಯ. ಅದು ಅದೇ ಕಾಲದ ಹಾಸ್ಯನಟ ಹೆರಾಲ್ಡ್ ಲಾಯ್ಡ್‌ನ ‘ಸೇಫ್ಟಿ ಲಾಸ್ಟ್’, 1923ರದ್ದು. ಗಡಿಯಾರದ ಮುಳ್ಳು ಹಿಡಿದು ನೇತಾಡುವ ಚಿತ್ರ ಅಂದರೆ ಎಲ್ಲರಿಗೂ ಗೊತ್ತು. ಆದರೆ ಅವನು ಯಾಕೆ ಅಲ್ಲಿಗೆ ಹತ್ತಿದ ಅನ್ನುವುದು ಮರೆತೇ ಹೋಗಿದೆ. ಪಟ್ಟಣಕ್ಕೆ ಬಂದ ಹಳ್ಳಿ ಹುಡುಗ, ಬಟ್ಟೆ ಅಂಗಡಿಯಲ್ಲಿ ವಾರಕ್ಕೆ 15 ಡಾಲರ್ ಸಂಬಳ. ಊರಿನ ಹುಡುಗಿಗೆ ಮಾತ್ರ ದೊಡ್ಡ ಹುದ್ದೆಯಲ್ಲಿದ್ದೇನೆ ಅಂತ ಕಾಗದ. ಬಾಡಿಗೆ ಬಾಕಿ. ಮನೆ ಒಡತಿ ಬಂದಾಗ ಅವನೂ ಗೆಳೆಯನೂ ಗೂಟಕ್ಕೆ ಹಾಕಿದ ಕೋಟುಗಳೊಳಗೆ ಹೊಕ್ಕು, ಕಾಲು ಮಡಚಿ ಬಟ್ಟೆಯ ಥರ ನೇತಾಡುತ್ತಾರೆ. ಹುಡುಗಿಗೆ ಒಡವೆ ಕೊಳ್ಳಲು ಅಂಗಡಿಯವನ ಕೈಗೆ ನಾಣ್ಯ ಎಣಿಸಿ ಹಾಕುತ್ತಾ ಹೋದಂತೆ ಅವನ ಕಣ್ಣೆದುರಿನ ಮಧ್ಯಾಹ್ನದ ಊಟದ ಒಂದೊಂದೇ ತಿನಿಸು ಮಾಯವಾಗುತ್ತದೆ. ಅಂಗಡಿಗೆ ಜನ ಸೇರಿಸಿದವರಿಗೆ 1,000 ಡಾಲರ್ ಅಂತ ಮ್ಯಾನೇಜರ್ ಹೇಳಿದ್ದು ಕಿವಿಗೆ ಬಿದ್ದಾಗ, ಗೋಡೆ ಹತ್ತುವ ಗೆಳೆಯನಿಗೆ ಅದರಲ್ಲಿ 500 ಕೊಟ್ಟು ಹತ್ತಿಸುವ ಯೋಜನೆ ಹಾಕುತ್ತಾನೆ. ಗೆಳೆಯನನ್ನು ಪೊಲೀಸ್ ಅಟ್ಟಿಸಿಕೊಂಡು ಬಂದದ್ದರಿಂದ ತಾನೇ ಹತ್ತಬೇಕಾಗುತ್ತದೆ. ಗಡಿಯಾರದ ನೇತಾಟದ ಕೆಳಗೆ ಇರುವುದು 15 ಡಾಲರ್ ಸಂಬಳ ಮತ್ತು ಒಂದು ಸುಳ್ಳು. ಅಂದ ಹಾಗೆ, 1919ರಲ್ಲಿ ಫೋಟೋಗೆ ಅಂತ ಹಿಡಿದ ನಕಲಿ ಬಾಂಬ್ ಸಿಡಿದು ಲಾಯ್ಡ್ ಬಲಗೈಯ ಹೆಬ್ಬೆರಳು, ತೋರುಬೆರಳು ಕಳೆದುಕೊಂಡಿದ್ದ. ಹತ್ತುವುದು ಆ ಕೈಯಲ್ಲೇ, ಕೈಗವಸು ಹಾಕಿಕೊಂಡು.

ಮೂರನೆಯದು ನಿಮ್ಮ ಊರಿನ ಕಥೆಗೆ ತೀರಾ ಹತ್ತಿರ. ಲಾರೆಲ್ ಮತ್ತು ಹಾರ್ಡಿಯ ‘ಬೇಕನ್ ಗ್ರ್ಯಾಬರ್ಸ್’. ಶೇರುಪೇಟೆ ಬಿದ್ದ ಅದೇ 1929ರ ಅಕ್ಟೋಬರ್‌ನಲ್ಲಿ ತೆರೆಗೆ ಬಂತು, ಆದರೆ ಮಾಡಿದ್ದು ಅದಕ್ಕೂ ಮುಂಚೆ. ಇಪ್ಪತ್ತರ ದಶಕದಲ್ಲಿ ಅಮೆರಿಕದವರು ಕಾರು, ರೇಡಿಯೋ, ಸೋಫಾ ಎಲ್ಲವನ್ನೂ ಕಂತಿನಲ್ಲಿ ಕೊಳ್ಳತೊಡಗಿದ್ದರು. ಒಬ್ಬ ರೇಡಿಯೋದ ಕಂತು ಕಟ್ಟಿಲ್ಲ. ಜಪ್ತಿ ಮಾಡಲು ಬರುವ ಅಮೀನರು ಇವರಿಬ್ಬರು. ಜಪ್ತಿ ಕಾಗದವನ್ನೇ ಆಫೀಸಿನಲ್ಲಿ ಮರೆತು ಬರುವಂಥವರು. ಸಾಲಗಾರ ಬಾಗಿಲು ತೆರೆಯುವುದಿಲ್ಲ. ಅವನೇನೂ ಪಾಪದವನಲ್ಲ, ಇವರಷ್ಟೇ ಹಟಮಾರಿ. ಕೊನೆಗೆ ರೇಡಿಯೋ ಹೊರಗೆ ಬರುತ್ತದೆ, ರೋಡ್ ರೋಲರ್ ಅದರ ಮೇಲೆ ಹತ್ತಿ ಚಪ್ಪಟೆ ಮಾಡುತ್ತದೆ. ಅದೇ ಗಳಿಗೆಗೆ ಹೆಂಡತಿ ಬಂದು, ರೇಡಿಯೋದ ಬಾಕಿ ಕಟ್ಟಿಬಿಟ್ಟೆ ಅನ್ನುತ್ತಾಳೆ. ಅಮೀನರಿಗೆ ನಗುವೋ ನಗು. ಆಮೇಲೆ ರೋಲರ್ ಅವರ ಕಾರಿನ ಮೇಲೂ ಹೋಗುತ್ತದೆ.

ಮೇಷ್ಟ್ರು ಸರಿಯಾಗಿರುವ ಕಡೆಯನ್ನೂ ಹೇಳಬೇಕು. ಕೀಸ್ಟೋನ್‌ನ ಕೋಹೆನ್ ಯಹೂದಿಯ ವ್ಯಂಗ್ಯಚಿತ್ರ. ಬಡ್ಡಿ ವ್ಯಾಪಾರ ಅಂದರೆ ಯಹೂದಿ ಅನ್ನುವ ಆ ಕಾಲದ ಕೆಟ್ಟ ತಮಾಷೆ. ‘ಸೇಫ್ಟಿ ಲಾಸ್ಟ್’ನ ಒಡವೆ ಅಂಗಡಿಯವನಲ್ಲೂ ಅದರ ನೆರಳಿದೆ. ಕೀಟನ್‌ನ ‘ಸೆವೆನ್ ಚಾನ್ಸಸ್’ ದಿವಾಳಿ ಅಂಚಿನ ವ್ಯಾಪಾರಿಯ ಕಥೆ, 1925ರದ್ದು. ಓಟದ ದೃಶ್ಯ ಅದ್ಭುತ. ಆದರೆ ಕಪ್ಪು ಜನರ ಬಗ್ಗೆ ಅದರಲ್ಲಿರುವ ಜೋಕುಗಳು, ಮುಖಕ್ಕೆ ಮಸಿ ಬಳಿದ ಬಿಳಿ ನಟ, ಇವನ್ನು ವಿವರಿಸದೆ ಮಕ್ಕಳಿಗೆ ತೋರಿಸುವುದು ನನಗೆ ಇಷ್ಟವಿಲ್ಲ. ವಿವರಿಸಲು ಹೊರಟರೆ ಅದೇ ಒಂದು ಪೀರಿಯಡ್ ಆಗುತ್ತದೆ. ಚಾಪ್ಲಿನ್‌ನ ‘ಪೇ ಡೇ’ಯಲ್ಲಿ ಕೂಲಿಕಾರ ಸಂಬಳವನ್ನು ಟೋಪಿಯಲ್ಲಿ ಬಚ್ಚಿಡುವುದು ಹೆಂಡತಿಯಿಂದ. ಹೆಂಡತಿ ಅಲ್ಲಿ ಬರೀ ರಾಕ್ಷಸಿ. ಮನೆಯ ಕಂತು ಹೊತ್ತು ತಿರುಗುವವರು ತಾಯಂದಿರೇ ಆಗಿರುವ ಊರಿನಲ್ಲಿ ಆ ಚಿತ್ರವನ್ನು ನಾನು ಆರಿಸುವುದಿಲ್ಲ.

ಹಾಗಾದರೆ ಶನಿವಾರಕ್ಕೆ ಏನು? ಮೊದಲಿಗೆ ಕೀಟನ್‌ನ ‘ದಿ ಗೋಟ್’, 1921ರದ್ದು, ಶುರುವಿನ ಕೆಲವು ನಿಮಿಷ ಮಾತ್ರ. ಪುಕ್ಕಟೆ ಬ್ರೆಡ್ ಹಂಚುವ ಸಾಲಿನಲ್ಲಿ ಕೀಟನ್ ಕೊನೆಗೆ ಹೋಗಿ ನಿಲ್ಲುತ್ತಾನೆ. ತನ್ನ ಮುಂದೆ ನಿಂತಿರುವುದು ಬಟ್ಟೆ ಅಂಗಡಿಯ ಗೊಂಬೆಗಳು ಅಂತ ಅವನಿಗೆ ಗೊತ್ತಾಗುವುದೇ ಇಲ್ಲ. ಗೊತ್ತಾಗುವ ಹೊತ್ತಿಗೆ ಬ್ರೆಡ್ ಖಾಲಿ. ರೇಷನ್ ಅಂಗಡಿಯ ಕ್ಯೂ ಕಂಡ ಮಕ್ಕಳಿಗೆ ಇದು ತಕ್ಷಣ ಹಿಡಿಸುತ್ತದೆ. ಯಾರಿಗೂ ನೋವಾಗುವುದಿಲ್ಲ. ಅದರ ಹಿಂದೆಯೇ ‘ದಿ ಇಮಿಗ್ರಂಟ್’ ಪೂರ್ತಿ, ಅರ್ಧ ಗಂಟೆಯೊಳಗೆ ಮುಗಿಯುತ್ತದೆ. ತೊಂದರೆ ಒಂದೇ, ಹೊಡೆಯುವ ದೃಶ್ಯ. ವೇಟರ್ ಹೊಡೆದಾಗ ಕೆಲವು ಮಕ್ಕಳು ನಗುತ್ತಾರೆ, ಕೆಲವರು ನಗುವುದಿಲ್ಲ. ನಗದವರನ್ನು ‘ಯಾಕೆ’ ಅಂತ ಕೇಳಬೇಡಿ.

ಇದನ್ನು ಒತ್ತಿ ಹೇಳುತ್ತೇನೆ. ಚಿತ್ರ ಮುಗಿದ ಮೇಲೆ ‘ನಿಮ್ಮ ಮನೆಯಲ್ಲೂ ಹೀಗೆ ಆಗಿದೆಯಾ?’ ಅಂತ ಕೇಳಲು ಮನಸ್ಸು ತುಡಿಯುತ್ತದೆ. ಕೇಳಬೇಡಿ. ಶಾಲೆಗಳಲ್ಲಿ ಚರ್ಚೆ ಕೆಡುವುದು ಅಲ್ಲೇ. ತೆರೆಯ ಮೇಲಿನ ಕಷ್ಟ ಚಾರ್ಲಿಯದು ಅನ್ನುವ ಭರವಸೆಯಿಂದಲೇ ಮಕ್ಕಳು ನಕ್ಕಿರುತ್ತಾರೆ. ನೀವು ಅದನ್ನು ಅವರ ಮನೆಯ ಬಾಗಿಲಿಗೆ ತಂದು ನಿಲ್ಲಿಸಿದರೆ ನಿಮ್ಮ ಹುಡುಗಿ ತಲೆ ತಗ್ಗಿಸುತ್ತಾಳೆ. ಬದಲಿಗೆ ಲೆಕ್ಕ ಕೇಳಿ. ನಾಣ್ಯ ಯಾರ ಕೈಯಿಂದ ಯಾರ ಕೈಗೆ ಹೋಯಿತು? ಬೋರ್ಡ್ ಮೇಲೆ ಬರೆಸಿ. ಕೊನೆಗೆ ಚಾರ್ಲಿಯ ಊಟಕ್ಕೆ ದುಡ್ಡು ಕೊಟ್ಟವರು ಯಾರು? ಕಲಾವಿದನೋ, ಟಿಪ್ಸ್ ಕಳೆದುಕೊಂಡ ವೇಟರನೋ? ನನ್ನ ಅನುಭವದಲ್ಲಿ ಇದರ ಮೇಲೆ ಮಕ್ಕಳು ಜಗಳವನ್ನೇ ಆಡುತ್ತಾರೆ. ಮನೆಯ ವಿಷಯ ಹೇಳಬೇಕು ಅನ್ನಿಸಿದವರು ತಾವಾಗಿಯೇ ಬಂದು ಹೇಳುತ್ತಾರೆ, ತರಗತಿಯ ಹೊರಗೆ.

‘ಸೇಫ್ಟಿ ಲಾಸ್ಟ್’ ಮುಂದಿನ ಶನಿವಾರಕ್ಕೆ ಇಡಿ. ಕೋಟಿನ ದೃಶ್ಯವೊಂದನ್ನೇ ಕತ್ತರಿಸಿ ತೋರಿಸುವುದು ಅಪಾಯ. ಆಗ ಅದು ಬರೀ ಅಡಗಾಟ ಆಗುತ್ತದೆ. ಪೂರ್ತಿ ನೋಡಿದರೆ ಹುಡುಗನ ಸುಳ್ಳು, ಅದರ ಬೆಲೆ ಎರಡೂ ಕಾಣುತ್ತದೆ. ಸುಮಾರು ಎಪ್ಪತ್ತು ನಿಮಿಷ ಬೇಕು. ಗೋಡೆ ಹತ್ತುವುದನ್ನು ಮನೆಯಲ್ಲಿ ಪ್ರಯೋಗ ಮಾಡಬೇಡಿ ಅಂತ ಎಂಟನೇ ತರಗತಿಯ ಗಂಡುಮಕ್ಕಳಿಗೆ ಮೊದಲೇ ಹೇಳಿಬಿಡಿ. ‘ಬೇಕನ್ ಗ್ರ್ಯಾಬರ್ಸ್’ ಮೂರನೆಯದು, ಅದೂ ನಿಮಗೆ ಮಕ್ಕಳ ನಾಡಿ ಸಿಕ್ಕ ಮೇಲೆ. ಊರಿನಲ್ಲಿ ಇತ್ತೀಚೆಗೆ ಯಾರದಾದರೂ ಮನೆಗೆ ಬೀಗ ಬಿದ್ದಿದ್ದರೆ, ವಸೂಲಿಯವರ ಗಲಾಟೆ ಆಗಿದ್ದರೆ, ಈ ವರ್ಷ ಅದನ್ನು ಕೈಬಿಡಿ. ಚಾಪ್ಲಿನ್‌ನ ‘ದಿ ಕಿಡ್’ ಬಗ್ಗೆ ನೀವು ಕೇಳಿಲ್ಲ, ಆದರೆ ಎಲ್ಲರೂ ಮೊದಲು ತೆಗೆಯುವುದು ಅದನ್ನೇ. ಮಗುವನ್ನು ಅನಾಥಾಲಯದವರು ಗಾಡಿಗೆ ಎಳೆದು ಹಾಕುವ ದೃಶ್ಯ ಅದರಲ್ಲಿದೆ. ಹಾಸ್ಟೆಲ್‌ನಲ್ಲಿರುವ ಮಕ್ಕಳು, ಅಪ್ಪ ಅಮ್ಮ ಗುಳೆ ಹೋಗಿರುವ ಮಕ್ಕಳು ಇದ್ದರೆ ಯೋಚಿಸಿ ತೋರಿಸಿ.

ಕಾಪಿರೈಟ್ ಬಗ್ಗೆ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ. ನಮ್ಮ ಕಾಯ್ದೆಯಲ್ಲಿ ಸಿನಿಮಾದ ಹಕ್ಕು 60 ವರ್ಷ. ಅಮೆರಿಕದಲ್ಲೂ 1929ರವರೆಗಿನ ಚಿತ್ರಗಳು 2025ರ ಜನವರಿ 1ಕ್ಕೆ ಹಕ್ಕಿನಿಂದ ಹೊರಬಂದಿವೆ. ನೋಡಿಕೊಳ್ಳಬೇಕಾದದ್ದು ಸಂಗೀತವನ್ನು. ಹೊಸದಾಗಿ ಸೇರಿಸಿದ ಸಂಗೀತಕ್ಕೆ ಬೇರೆ ಹಕ್ಕು ಇರಬಹುದು. ಸುಲಭದ ದಾರಿ, ಧ್ವನಿ ಬಂದ್ ಮಾಡಿ. ಆ ಕಾಲದಲ್ಲೂ ಪರದೆಯ ಪಕ್ಕ ಕೂತು ಪಿಯಾನೋ ನುಡಿಸುತ್ತಿದ್ದರು, ಚಿತ್ರ ನಿಶ್ಶಬ್ದವಾಗಿ ಓಡುತ್ತಿರಲಿಲ್ಲ. ನಿಮ್ಮ ಶಾಲೆಯಲ್ಲಿ ಹಾರ್ಮೋನಿಯಂ, ತಬಲಾ, ಕೊನೆಗೆ ಸ್ಟೀಲ್ ತಟ್ಟೆ ಚಮಚ ಇದ್ದರೂ ಸಾಕು.

ಪ್ರತಿಯನ್ನು ಆರಿಸುವಾಗ ಜನ ನಡೆಯುವುದನ್ನು ನೋಡಿ. ಎಲ್ಲರೂ ಇರುವೆಗಳ ಥರ ಪಟಪಟ ಓಡುತ್ತಿದ್ದರೆ ಆ ಪ್ರತಿ ಬೇಡ. ಆಗಿನ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು, ವೇಗ ಸಾಮಾನ್ಯವಾಗಿ ಈಗಿನದಕ್ಕಿಂತ ಕಡಿಮೆ. ಸೆಕೆಂಡಿಗೆ 24 ಚಿತ್ರದ ಈಗಿನ ವೇಗದಲ್ಲಿ ಓಡಿಸಿದರೆ ಎಲ್ಲ ಗಡಿಬಿಡಿಯಾಗಿ ಕಾಣುತ್ತದೆ. ಅಟ್ಟಿಸಿಕೊಂಡು ಓಡುವ ದೃಶ್ಯಗಳನ್ನು ಅವರು ಬೇಕೆಂದೇ ವೇಗವಾಗಿ ಕಾಣುವಂತೆ ತೆಗೆಯುತ್ತಿದ್ದರು, ಅದು ಬೇರೆ. ಆದರೆ ಚಾರ್ಲಿ ಕಿಸೆಯ ತೂತಿಗೆ ಬೆರಳು ಹಾಕಿ ಯೋಚಿಸುವ ಗಳಿಗೆ ನಿಧಾನವಾಗಿಯೇ ಇರಬೇಕು.

ತೆರೆಯ ಮೇಲೆ ಬರುವ ಇಂಗ್ಲಿಷ್ ಬರಹಗಳನ್ನು ಕನ್ನಡದಲ್ಲಿ ಗಟ್ಟಿಯಾಗಿ ಓದಲು ಒಬ್ಬ ವಿದ್ಯಾರ್ಥಿಯನ್ನು ಮೊದಲೇ ತಯಾರು ಮಾಡಿ. ‘ದಿ ಇಮಿಗ್ರಂಟ್’ನಲ್ಲಿ ಅಂಥವು ಕೆಲವೇ ಕೆಲವು. ಹತ್ತು ಸೆಂಟ್ ಅಂದರೆ ಎಷ್ಟು ಮಿಸ್ ಅಂತ ಯಾರಾದರೂ ಕೇಳಿದರೆ ಈಗಿನ ರೂಪಾಯಿಗೆ ತಿರುಗಿಸಲು ಹೋಗಬೇಡಿ, ಅದು ಸರಿಯಾಗಿ ಕೂರುವುದಿಲ್ಲ. ಐದು ಸೆಂಟಿನ ಸಿನಿಮಾ ಮನೆಯಲ್ಲಿ ಇಬ್ಬರು ಕೂತು ನೋಡುವಷ್ಟು ಅಂತ ಹೇಳಿ.